ಹರಿಗೋಲಿನ ಅಪಮೃತ್ಯುವೂ ಅಂಕಸಂಕೇತವೂ

ಆಳಂದದ ನೆಲದಲ್ಲಿ ಹುಟ್ಟುವ ಅಮರ್ಜೆಯು ಅಫಜಲಪುರ ತಾಲ್ಲೂಕಿನ ಗಾಣಗಾಪುರದಲ್ಲಿ ಭೀಮೆಯನ್ನು ಕೂಡುವುದು. ಭೀಮೆಯು ಮುಂದೆ ಜೇವರ್ಗಿಯ ಸೀಮೆಗೆ ಹರಿಯುವುದು. ಇಂತಹ ಹೊಳೆಯಲ್ಲಿ ಹರಿಗೋಲು ಮಗುಚಿ ಒಬ್ಬನು ಮಡಿದರೆ ಆಸ್ಪತ್ರೆಯ ಲೇಖಕನು ಆ ಮರಣವನ್ನು ಹೇಗೆ ಬರೆಯತಕ್ಕುದು?

1893ರ ಬರ್ಟಿಲ್ಲೋನನ ಮರಣಕಾರಣಗಳ ಪಟ್ಟಿಯಿಂದ ಬೆಳೆದು 1990ರಲ್ಲಿ ಅಂಗೀಕೃತವಾದ ಹತ್ತನೆಯ ಅಂತಾರಾಷ್ಟ್ರೀಯ ರೋಗವರ್ಗೀಕರಣವು ಇಲ್ಲಿ ಸೂಕ್ಷ್ಮಭೇದವನ್ನು ಮಾಡಿದೆ. ನಾವೆಯು ಮಗುಚಿ ಮುಳುಗಿದವನಿಗೆ ‘ವಿ 90’. ಹಾಗೆ ಮಗುಚಿದಾಗ ಬೇರೆ ಗಾಯವಾದವನಿಗೆ ‘ವಿ 91’. ನಾವೆಗೆ ಏನೂ ಆಗದೆ ತಾನೇ ಬಿದ್ದು ಮುಳುಗಿದವನಿಗೆ ‘ವಿ 92’. ಬಿಂದುವಿನ ಮುಂದಿನ ಅಂಕೆಯು ನಾವೆಯ ಜಾತಿಯನ್ನು ತಿಳಿಸುವುದು. ಹಾಯಿದೋಣಿಗೆ 4 ಎಂದು ಪ್ರತ್ಯೇಕ ಅಂಕೆಯುಂಟು, ಹರಿಗೋಲಿಗಿಲ್ಲ. ಅದು ‘ಯಂತ್ರರಹಿತವಾದ ಇತರ ನಾವೆ’ ಎಂಬ 8ರಲ್ಲಿ ಅಡಗಬೇಕು.

‘ಹೊಳೆಯಲ್ಲಿ ಮುಳುಗಿದನು’ ಎಂದಷ್ಟೇ ಬರೆದರೆ ಸಂಕೇತವು ‘ಡಬ್ಲ್ಯು 69’ ಆಗಿ, ನಾವೆಯೇ ಚರಿತ್ರೆಯಿಂದ ಮರೆಯಾಗುವುದು. ಕಾಣದ ಅಪಾಯಕ್ಕೆ ಪರಿಹಾರವನ್ನು ಯೋಚಿಸುವವರಾರು? ಆದುದರಿಂದ ಹರಿಗೋಲೆಂಬ ಒಂದು ಶಬ್ದವನ್ನು ಬಿಡದೆ ಬರೆಯುವುದು ಚರಿತ್ರಕಾರನಿಗೂ ಹೊಳೆದಾಟುವವರಿಗೂ ಮಹದುಪಕಾರವು.