ಸಾವಿನ ಮನೆಗೆ ಬಾರದ ಗೆಳತಿ

ಸಾವಿನ ಮನೆಗೆ ಮೊದಲು ಬರುವವರು ಯಾರು? ಕೊನೆಯವರೆಗೆ ಉಳಿಯುವವರು ಯಾರು? ಒಂದು ಸಮಾಜವನ್ನು ಅಳೆಯಲು ಈ ಎರಡು ಪ್ರಶ್ನೆಗಳು ಸಾಕು.

ಅಮೆರಿಕದ ಎಚ್‌ಬಿಒ ವಾಹಿನಿಯಲ್ಲಿ 1998ರಿಂದ 2004ರವರೆಗೆ 94 ಕಂತುಗಳಲ್ಲಿ ಪ್ರಸಾರವಾದ ಧಾರಾವಾಹಿ 'ಸೆಕ್ಸ್ ಆ್ಯಂಡ್ ದ ಸಿಟಿ'. ನ್ಯೂಯಾರ್ಕಿನ ನಾಲ್ವರು ಗೆಳತಿಯರ ಕತೆ. ಅದರ ಸ್ವಚ್ಛಂದ ಬದುಕಿನ ಬಗ್ಗೆ ನಮ್ಮ ತಕರಾರು ಇದ್ದೇ ಇದೆ. ಆದರೆ ಗಂಡಸರು ಬಂದು ಹೋದರೂ ಗೆಳೆತನ ಉಳಿಯುತ್ತದೆ ಎಂಬ ಭರವಸೆಯೇ ಅದರ ಜೀವಾಳವಾಗಿತ್ತು. 2010ರ ಎರಡನೇ ಚಲನಚಿತ್ರ ಈ ನಾಲ್ವರನ್ನು ಅಬುಧಾಬಿಗೆ ಕರೆದೊಯ್ಯಿತು. ನಿಖಾಬಿನೊಳಗೆ ದುಬಾರಿ ಫ್ಯಾಷನ್ ಉಡುಪು ತೊಟ್ಟಿರುವುದೇ ಮುಸ್ಲಿಮ್ ಮಹಿಳೆಯ ಬಿಡುಗಡೆ ಎಂಬಂತೆ ಅಲ್ಲಿ ತೋರಿಸಲಾಯಿತು. ಅವಳ ಸುಖದುಃಖ, ಅವಳ ಗೆಳತಿಯರು ಚಿತ್ರದ ಲೆಕ್ಕಕ್ಕೇ ಬರಲಿಲ್ಲ.

2021ರ ಡಿಸೆಂಬರಿನಲ್ಲಿ ಅದೇ ಕತೆ 'ಆ್ಯಂಡ್ ಜಸ್ಟ್ ಲೈಕ್ ದಟ್' ಎಂಬ ಹೆಸರಿನಲ್ಲಿ ಮರಳಿತು. ಮೊದಲ ಕಂತಿನಲ್ಲೇ ನಾಯಕಿ ಕ್ಯಾರಿಯ ಪತಿ ಹೃದಯಾಘಾತದಿಂದ ಸಾಯುತ್ತಾನೆ. ಆಗ ಮನಸ್ತಾಪದಿಂದ ಲಂಡನ್ ಸೇರಿದ್ದ ಸಮಂತಾ ಬರಲಿಲ್ಲ. ಅವಳು ಕಳಿಸಿದ ಹೂವು ಮಾತ್ರ ಬಂತು. ಮುಂದೆ ಶಸ್ತ್ರಚಿಕಿತ್ಸೆಯಾಗಿ ಕ್ಯಾರಿ ಮಲಗಿದ್ದಾಗ, ನೋಡಿಕೊಳ್ಳಲು ಬಂದ ಮಿರಾಂಡಾ ತನ್ನದೇ ಹೊಸ ಪ್ರೇಮದಲ್ಲಿ ಮೈಮರೆತಿದ್ದಳು. ಐವತ್ತು ದಾಟಿದ ಗೆಳೆತನ ಹೇಗೆ ಸವೆಯುತ್ತದೆಂಬುದನ್ನು ಧಾರಾವಾಹಿ ಮುಚ್ಚಿಡಲಿಲ್ಲ. ಮೂರು ಋತುಗಳ ಬಳಿಕ, 2025ರ ಆಗಸ್ಟಿನಲ್ಲಿ ಅದು ಮುಗಿಯಿತು.

ಈಗ ನಮ್ಮ ಇತಿಹಾಸದತ್ತ ತಿರುಗೋಣ. ಕ್ರಿ.ಶ. 625ರ ಉಹುದ್ ಯುದ್ಧದಲ್ಲಿ ಸುಮಾರು 70 ಮಂದಿ ಹುತಾತ್ಮರಾದರು. ಅವರ ವಿಧವೆಯರು ರಾತ್ರಿಯ ಒಂಟಿತನ ತಾಳಲಾಗುತ್ತಿಲ್ಲವೆಂದು ಪ್ರವಾದಿಯವರಲ್ಲಿ(ಸ) ಹೇಳಿಕೊಂಡರು. ಒಬ್ಬರ ಮನೆಯಲ್ಲಿ ಕೂಡಿ ಮಾತಾಡಿಕೊಳ್ಳಿರಿ, ಮಲಗಲು ಮಾತ್ರ ನಿಮ್ಮ ನಿಮ್ಮ ಮನೆಗೆ ಮರಳಿರಿ ಎಂಬ ಅನುಮತಿ ಸಿಕ್ಕಿತೆಂದು ಮುಜಾಹಿದ್ ವರದಿ ಮಾಡಿದ್ದಾರೆ. ಹಝ್ರತ್ ಆಯಿಶಾ(ರ) ಅವರ ಬಂಧುಗಳಲ್ಲಿ ಸಾವು ಸಂಭವಿಸಿದರೆ ಸ್ತ್ರೀಯರು ಸೇರುತ್ತಿದ್ದರು. ಉಳಿದವರು ಹೋದ ಮೇಲೆ, ಮನೆಯವರಿಗೂ ಆಪ್ತರಿಗೂ ಅವರು ತಲ್ಬೀನ ಎಂಬ ಜವೆಗೋಧಿಯ ಗಂಜಿ ಮಾಡಿಸುತ್ತಿದ್ದರೆಂದು ಬುಖಾರಿಯಲ್ಲಿದೆ.

ಪತಿ ತೀರಿಕೊಂಡವಳಿಗೆ ಇದ್ದತ್ ನಾಲ್ಕು ತಿಂಗಳು ಹತ್ತು ದಿನ. ಅದು ಅವಳ ಶೋಕಕ್ಕೆ ಕೊಟ್ಟ ಕಾಲಾವಕಾಶ. ಅವಳನ್ನು ಒಂಟಿಯಾಗಿಸುವ ಶಿಕ್ಷೆಯಲ್ಲ. ಆದರೆ ನಮ್ಮಲ್ಲಿ ಎಷ್ಟೋ ಮನೆಗಳಲ್ಲಿ ಮೂರನೇ ದಿನಕ್ಕೆ ಜನ ಕರಗುತ್ತಾರೆ. ಉಳಿದ ದಿನಗಳು ಅವಳಿಗೂ ನಾಲ್ಕು ಗೋಡೆಗಳಿಗೂ ಬಿಟ್ಟದ್ದು. ಸಮಂತಾ ಕನಿಷ್ಠ ಹೂವನ್ನಾದರೂ ಕಳಿಸಿದಳು. ನಾಲ್ಕನೇ ದಿನ ಗಂಜಿಯ ಪಾತ್ರೆ ಹಿಡಿದು ಆ ಬಾಗಿಲಿಗೆ ಹೋಗುವವರು ನಮ್ಮಲ್ಲಿ ಎಷ್ಟು ಮಂದಿ?