ಕಾಬೂಲ್ ತೆರವಿನಿಂದ ಗಡಿನಾಡಿನ ಪಾಲಕರು ತಿಳಿಯಬೇಕಾದುದು

2021ರ ಆಗಸ್ಟ್ 15ರಂದು ತಾಲಿಬಾನ್ ಪಡೆಗಳು ಕಾಬೂಲ್ ನಗರವನ್ನು ಪ್ರವೇಶಿಸಿದವು. ಅಮೆರಿಕದ ಸೇನೆಯ ಕೊನೆಯ ವಿಮಾನ ಅಲ್ಲಿಂದ ಹೊರಡಲು ಆಗ ಇನ್ನೂ ಎರಡು ವಾರಗಳಿದ್ದವು. ಆ ಎರಡು ವಾರಗಳಲ್ಲಿ ವಿದೇಶೀ ನೆಲೆಗಳಲ್ಲಿ, ಕಂಪನಿಗಳಲ್ಲಿ, ಸೇವಾಸಂಸ್ಥೆಗಳಲ್ಲಿ ದುಡಿಯುತ್ತಿದ್ದ ಭಾರತೀಯರು ಮನೆಗೆ ಮರಳಿದ ಬಗೆಯನ್ನು ಸೊಲ್ಲಾಪುರ ಮತ್ತು ಅಕ್ಕಲಕೋಟೆಯ ಕನ್ನಡ ಮಾಧ್ಯಮದ ಪಾಲಕರು ಅರಿತಿರಬೇಕೆಂಬುದು ನಮ್ಮ ಅಭಿಪ್ರಾಯ. ನಮ್ಮ ಶಾಲೆಗಳಲ್ಲಿ ಕಲಿತ ಮಕ್ಕಳು ಕೊಲ್ಲಿ ರಾಷ್ಟ್ರಗಳಿಗೆ ದುಡಿಯಲು, ದೂರದ ದೇಶಗಳಿಗೆ ವೈದ್ಯಶಿಕ್ಷಣಕ್ಕೆ ಹೋಗುವುದು ಈಗ ಅಪರೂಪವಲ್ಲ.

ಅಪಾಯ ಒಂದೇ ದಿನದಲ್ಲಿ ಬಂದುದಲ್ಲ. ಜುಲೈ ತಿಂಗಳಲ್ಲಿಯೇ ಭಾರತವು ಕಂದಹಾರದ ದೂತಾವಾಸದ ಸಿಬ್ಬಂದಿಯನ್ನು ಕರೆಸಿಕೊಂಡಿತ್ತು. ಆಗಸ್ಟ್ 10ರಂದು ಮಝಾರ್-ಇ-ಷರೀಫ್‌ನಿಂದಲೂ ವಿಶೇಷ ವಿಮಾನ ಹೊರಟಿತು. ಸಾಮಾನ್ಯ ವಿಮಾನಗಳು ನಿಲ್ಲುವ ಮೊದಲೇ ಮರಳಿರೆಂದು ರಾಯಭಾರ ಕಚೇರಿ ಪದೇ ಪದೇ ಸೂಚಿಸಿತ್ತು. ಸಂಬಳ ಬಾಕಿಯಿದ್ದವನಿಗೆ, ಗುತ್ತಿಗೆ ಮುಗಿಯದವನಿಗೆ ಅಂತಹ ಸೂಚನೆಯನ್ನು ಪಾಲಿಸುವುದು ಸುಲಭವಲ್ಲ, ನಿಜ. ಆದರೆ ಆಗಸ್ಟ್ 17ರಂದು ರಾಯಭಾರಿಯೂ ಸಿಬ್ಬಂದಿಯೂ ವಾಯುಪಡೆಯ ವಿಮಾನದಲ್ಲಿ ಜಾಮನಗರಕ್ಕೆ ಬಂದಿಳಿದರು. ಅಂದರೆ ಉಳಿದವರು ಹೋಗಿ ಬಾಗಿಲು ತಟ್ಟಲು ಕಾಬೂಲಿನಲ್ಲಿ ಕಚೇರಿಯೇ ಇರಲಿಲ್ಲ.

ಆ ಸ್ಥಾನವನ್ನು ದೆಹಲಿಯಲ್ಲಿ ವಿದೇಶಾಂಗ ಸಚಿವಾಲಯವು ತೆರೆದ ವಿಶೇಷ ಅಫಘಾನಿಸ್ತಾನ ಘಟಕ ತುಂಬಿತು. ಅದು ಮೊದಲು ಕೇಳಿದ್ದು ಮಾಹಿತಿಯನ್ನು. ಅಲ್ಲಿರುವ ಭಾರತೀಯರು ಯಾರು, ಎಲ್ಲಿದ್ದಾರೆ ಎಂಬುದನ್ನು ಅವರೂ ಅವರನ್ನು ಕೆಲಸಕ್ಕಿಟ್ಟುಕೊಂಡವರೂ ಕೂಡಲೇ ತಿಳಿಸಬೇಕೆಂದು ಸಚಿವಾಲಯ ವಿನಂತಿಸಿತು. ವಿಮಾನ ಸಿದ್ಧವಿದ್ದರೂ ಹತ್ತುವವರ ಪಟ್ಟಿ ಪೂರ್ಣವಾಗಿಲ್ಲ ಎಂಬ ಸ್ಥಿತಿ ಅದು. ‘ದೇವಿ ಶಕ್ತಿ’ ಎಂದು ಹೆಸರಿಸಲಾದ ಆ ಕಾರ್ಯಾಚರಣೆಯಲ್ಲಿ ಆಗಸ್ಟ್ 27ರವರೆಗೆ ಕಾಬೂಲ್ ಮತ್ತು ದುಶಾಂಬೆಯಿಂದ ಆರು ವಿಮಾನಗಳಲ್ಲಿ 550ಕ್ಕೂ ಹೆಚ್ಚು ಜನರನ್ನು ಕರೆತರಲಾಯಿತು. ಅವರಲ್ಲಿ ಭಾರತೀಯರು 260ಕ್ಕಿಂತ ಹೆಚ್ಚು. ಇನ್ನು ಕೆಲವರು ವಿದೇಶೀ ವಿಮಾನಗಳಲ್ಲಿ ದೋಹಾ ತಲುಪಿ ಅಲ್ಲಿಂದ ಬಂದರು. ಕರಾವಳಿ ಕರ್ನಾಟಕದವರೂ ಹೀಗೆ ಮರಳಿದವರಲ್ಲಿದ್ದರು.

ಕರ್ನಾಟಕ ಸರಕಾರವು ಆಗ ತನ್ನ ನಾಡಿನವರಿಗಾಗಿ ಸಿಐಡಿಯ ಹಿರಿಯ ಪೊಲೀಸ್ ಅಧಿಕಾರಿ ಉಮೇಶ್ ಕುಮಾರ್ ಅವರನ್ನು ನೋಡಲ್ ಅಧಿಕಾರಿಯಾಗಿ ನೇಮಿಸಿತು. ಗಡಿನಾಡಿನವರಾದ ನಮಗೆ ಇಲ್ಲಿ ಒಂದು ಪ್ರಶ್ನೆ ಏಳುತ್ತದೆ. ನಾಗಣಸೂರಿನ ಅಥವಾ ಮೈಂದರ್ಗಿಯ ಹುಡುಗ ಹೀಗೆ ಸಿಲುಕಿದರೆ ಅವನ ತಂದೆ ಬೆಂಗಳೂರಿಗೆ ದೂರವಾಣಿ ಮಾಡಬೇಕೆ, ಮುಂಬಯಿಗೆ ಮಾಡಬೇಕೆ? ನಮ್ಮ ಮನಸ್ಸು ಬೆಂಗಳೂರಿನತ್ತ ವಾಲುವುದು ಸಹಜ. ಆದರೆ ರಾಜ್ಯಗಳು ತಮ್ಮವರನ್ನು ಗುರುತಿಸುವುದು ವಿಳಾಸದಿಂದ, ಮಾತೃಭಾಷೆಯಿಂದಲ್ಲ. 2022ರಲ್ಲಿ ಯುಕ್ರೇನಿನಿಂದ ವಿದ್ಯಾರ್ಥಿಗಳನ್ನು ಕರೆತಂದಾಗಲೂ ದೆಹಲಿಯಲ್ಲಿ ಬಂದಿಳಿದವರನ್ನು ಬೇರೆ ಬೇರೆ ರಾಜ್ಯಗಳ ಅಧಿಕಾರಿಗಳು ಬೇರೆ ಬೇರೆಯಾಗಿ ಎದುರುಗೊಂಡು ಮುಂದಿನ ಪಯಣದ ವ್ಯವಸ್ಥೆ ಮಾಡಿದರು. ಅಕ್ಕಲಕೋಟೆ ತಾಲೂಕಿನ ಮಗು, ಮನೆಯಲ್ಲಿ ಕನ್ನಡವನ್ನಷ್ಟೇ ಆಡಿದರೂ, ಅಲ್ಲಿ ಮಹಾರಾಷ್ಟ್ರದ ಪಟ್ಟಿಯಲ್ಲಿಯೇ ಬರುವುದು. ಆದ್ದರಿಂದ ಮೊದಲ ಅರ್ಜಿ ಸೊಲ್ಲಾಪುರದ ಜಿಲ್ಲಾಧಿಕಾರಿಗಳ ಕಚೇರಿಗೆ ಸಲ್ಲಲಿ. ಅಲ್ಲಿಯ ಆಪತ್ತು ನಿಯಂತ್ರಣ ಕೊಠಡಿಯ ಸಂಖ್ಯೆ 1077. ಕರ್ನಾಟಕದ ಅಧಿಕಾರಿಗಳಿಗೂ ತಿಳಿಸಬಾರದೆಂದಿಲ್ಲ. ಅದನ್ನೊಂದನ್ನೇ ನಂಬಿ ಕುಳಿತರೆ ಮಾತ್ರ ಅಮೂಲ್ಯವಾದ ದಿನಗಳು ಕಳೆದುಹೋಗುತ್ತವೆ.

ಕಾಬೂಲಿನಲ್ಲಿ ವಿಮಾನ ನಿಲ್ದಾಣದ ದಾರಿಯಲ್ಲಿ ತಾಲಿಬಾನಿಗಳು ಭಾರತೀಯರ ಗುಂಪೊಂದನ್ನು ತಡೆದು, ದಾಖಲೆಗಳನ್ನು ಪರಿಶೀಲಿಸಿ ಬಿಟ್ಟ ವರದಿ ಅನೇಕರಿಗೆ ನೆನಪಿರಬಹುದು. ಅಂತಹ ಗಳಿಗೆಯಲ್ಲಿ ಕೈಯಲ್ಲಿರುವ ಕಾಗದವೇ ಮಾತನಾಡಬೇಕು. ನಮ್ಮ ಮಕ್ಕಳ ಕಾಗದಗಳಾದರೋ ಒಂದಕ್ಕೊಂದು ಹೊಂದುವುದಿಲ್ಲ. ಶಾಲೆಯ ದಾಖಲೆಯಲ್ಲಿ ಕನ್ನಡದ ‘ಶರಣಪ್ಪ’, ಆಧಾರದಲ್ಲಿ ಮರಾಠಿಯ ಉಚ್ಚಾರಕ್ಕೆ ತಿರುಗಿದ ‘ಶರಣಾಪ್ಪಾ’, ಇಂಗ್ಲಿಷಿನಲ್ಲಿ ಒಂದೆಡೆ ಒಂದು ‘ಪಿ’, ಇನ್ನೊಂದೆಡೆ ಎರಡು. ಒಂದರಲ್ಲಿ ತಂದೆಯ ಹೆಸರು ನಡುವೆ, ಅಡ್ಡಹೆಸರು ಕೊನೆಗೆ. ಇನ್ನೊಂದರಲ್ಲಿ ಅಡ್ಡಹೆಸರೇ ಮೊದಲು. ಮೂರು ಕಾಗದಗಳಲ್ಲಿ ಮಗನಿಗೆ ಮೂರು ಹೆಸರಿದ್ದ ತಂದೆಯೊಬ್ಬರು ಪಾಸ್‌ಪೋರ್ಟ್ ಅರ್ಜಿ ಹಿಡಿದು ನಮ್ಮ ಬಳಿ ಬಂದಿದ್ದರು. ತಪ್ಪು ಅವರದಲ್ಲ. ಪ್ರವೇಶದ ದಿನ ಕೇಳಿದಂತೆ ಬರೆದುಕೊಂಡ ನಮ್ಮಂತಹ ಶಿಕ್ಷಕರ ಪಾಲೂ ಅದರಲ್ಲಿದೆ. ವಿದ್ಯಾರ್ಥಿ ಶಾಲೆಯಲ್ಲಿರುವಾಗ ಜನರಲ್ ರಜಿಸ್ಟರಿನ ತಿದ್ದುಪಡಿಯನ್ನು ಮುಖ್ಯಾಧ್ಯಾಪಕರ ಮೂಲಕ, ಶಿಕ್ಷಣಾಧಿಕಾರಿಗಳ ಅನುಮತಿ ಪಡೆದು ಮಾಡಿಸಬಹುದು. ಹತ್ತನೆಯ ತರಗತಿಯ ಪರೀಕ್ಷಾ ಅರ್ಜಿ ತುಂಬುವ ಮೊದಲೇ ಇದು ಮುಗಿಯಬೇಕು. ಆ ಮೇಲೆ ಅಲೆದಾಟ ಹೆಚ್ಚು.

ಹತ್ತನೆಯ ತರಗತಿಗೆ ಇನ್ನೊಂದು ಮಹತ್ತ್ವವೂ ಇದೆ. ಅದರಲ್ಲಿ ಉತ್ತೀರ್ಣರಾಗದವರ ಪಾಸ್‌ಪೋರ್ಟ್ ಸಾಮಾನ್ಯವಾಗಿ ‘ಇಸಿಆರ್’ ವರ್ಗಕ್ಕೆ ಸೇರುತ್ತದೆ. ಅಂಥವರು ಸೌದಿ, ಕತಾರ್, ಕುವೈತ್, ಅಫಘಾನಿಸ್ತಾನ ಮೊದಲಾದ 18 ದೇಶಗಳಿಗೆ ದುಡಿಯಲು ಹೋಗಬೇಕಾದರೆ ಸರಕಾರದ ವಲಸೆ ಅನುಮತಿ ಪಡೆಯಬೇಕು. ಇದನ್ನು ತೊಡಕೆಂದು ಬಗೆದು ಪ್ರವಾಸಿ ವೀಸಾದ ಮೇಲೆ ಕಳುಹಿಸುವ ದಲ್ಲಾಳಿಗಳಿದ್ದಾರೆ. ಹಾಗೆ ಹೋದವನ ಹೆಸರು ಸರಕಾರದ ‘ಇ-ಮೈಗ್ರೇಟ್’ ದಾಖಲೆಯಲ್ಲಿ ಇರುವುದಿಲ್ಲ. ಅನುಮತಿಯೊಂದಿಗೆ ದೊರೆಯಬೇಕಾದ 10 ಲಕ್ಷ ರೂಪಾಯಿಗಳ ಪ್ರವಾಸಿ ಭಾರತೀಯ ಬಿಮಾ ಯೋಜನೆಯ ರಕ್ಷಣೆಯೂ ತಪ್ಪುತ್ತದೆ.

ಹೊರಡುವ ಮುನ್ನ ಪಾಸ್‌ಪೋರ್ಟಿನ ಮೊದಲ ಮತ್ತು ಕೊನೆಯ ಪುಟ, ವೀಸಾ, ಕೆಲಸದ ಕರಾರು, ಅಲ್ಲಿಯ ಮಾಲಕರ ದೂರವಾಣಿ ಇವುಗಳ ಪ್ರತಿಯೊಂದು ಮನೆಯಲ್ಲಿ ಉಳಿಯಲಿ. ಮಗ ಆ ದೇಶವನ್ನು ತಲುಪಿದ ವಾರದಲ್ಲಿಯೇ ಭಾರತೀಯ ರಾಯಭಾರ ಕಚೇರಿಯಲ್ಲಿ ಹೆಸರು ನೋಂದಾಯಿಸಲಿ. ಸಂಕಟ ಒದಗಿದಾಗ ಊರಿನಿಂದಲೇ ವಿದೇಶಾಂಗ ಸಚಿವಾಲಯದ ‘ಮದದ್’ ಜಾಲತಾಣದಲ್ಲಿ ದೂರು ದಾಖಲಿಸಬಹುದು. 2015ರಿಂದ ಈ ವ್ಯವಸ್ಥೆಯಿದೆ. ಮರಳುವ ಖರ್ಚಿಗೆ ಗತಿಯಿಲ್ಲದವರಿಗೆ ರಾಯಭಾರ ಕಚೇರಿಗಳ ಬಳಿ 2009ರಲ್ಲಿ ಆರಂಭವಾದ ಭಾರತೀಯ ಸಮುದಾಯ ಕಲ್ಯಾಣ ನಿಧಿಯಿದೆ. ಅದಕ್ಕಾಗಿ ಕೇಳಿಕೊಳ್ಳಬೇಕು, ಕೇಳಲು ಸಂಕೋಚಪಡಬೇಕಾಗಿಲ್ಲ. ಈ ಅರ್ಜಿಗಳನ್ನು ಇಂಗ್ಲಿಷಿನಲ್ಲಿ ಅಥವಾ ಮರಾಠಿಯಲ್ಲಿ ಬರೆಯಲು ತೊಡಕಾದ ಪಾಲಕರು ತಮ್ಮ ಊರಿನ ಕನ್ನಡ ಶಾಲೆಗೆ ಬರಲಿ. ಶಾಲೆಯ ವೇಳೆ ಮುಗಿದ ಮೇಲೆ ಕುಳಿತು ಬರೆದುಕೊಡಲು ನಾವು ಶಿಕ್ಷಕರು ಸಿದ್ಧರಿದ್ದೇವೆ.