ನಮ್ಮೂರ ಕಲ್ಲುಗಳನ್ನ ಮೊದಲು ಓದಿದವರು ಯಾರು? | ಹಾಸನದ ಇತಿಹಾಸ ಸರಣಿ, ಭಾಗ 4

ಹೋದ ಭಾಗದಲ್ಲಿ ವೀರಗಲ್ಲು ಅಂದ್ರೆ ಏನು ಅಂತ ನೋಡಿದ್ವಿ. "ಕಲ್ಲಲ್ಲಿ ಇರೋದನ್ನ ಓದಿ ಬರೆದಿಟ್ಟವರು ಯಾರು?" ಅಂತ ಸುಮಾರು ಜನ ಕೇಳಿದ್ರಿ. ಇವತ್ತು ಅದೇ ಕಥೆ.

ಶುರುವಾಗಿದ್ದು ಕ್ಯಾಮೆರಾದಿಂದ! 1865ರ ಸುಮಾರಿಗೆ ಮೇಜರ್ ಡಿಕ್ಸನ್ ಅನ್ನೋ ಸೇನಾಧಿಕಾರಿ ಮೈಸೂರು ಸಂಸ್ಥಾನದ ಸುಮಾರು 150 ಶಾಸನಗಳ ಫೋಟೊ ತೆಗೆದರು. ಅವನ್ನ ಓದಿ ಅನುವಾದ ಮಾಡೋ ಕೆಲಸ ಬಿ. ಎಲ್. ರೈಸ್ ಅವರಿಗೆ ಬಂತು. ರೈಸ್ ಹುಟ್ಟಿದ್ದು 1837ರಲ್ಲಿ, ಬೆಂಗಳೂರಲ್ಲೇ. ಕೆಲಸ ಶಿಕ್ಷಣ ಇಲಾಖೆಯಲ್ಲಿ. ಆ ಫೋಟೊಗಳಿಂದ 1879ರಲ್ಲಿ ಒಂದು ಪುಸ್ತಕ ಬಂತು.

ಆದ್ರೆ ಸವೆದ ಅಕ್ಷರಕ್ಕೆ ಫೋಟೊ ಒಂದೇ ಸಾಲಲ್ಲ. ಅದಕ್ಕೆ ಪಡಿಯಚ್ಚು ಬೇಕು. ಕಲ್ಲು ತೊಳೆದು, ಒದ್ದೆ ಕಾಗದ ಅಂಟಿಸಿ, ಅಕ್ಷರದ ಗುಳಿಗೆ ಇಳಿಯೋ ಹಾಗೆ ಬ್ರಷ್‌ನಿಂದ ಬಡಿದು, ಮೇಲೆ ಮಸಿ ಒತ್ತಬೇಕು. ಕಾಗದವೆಲ್ಲ ಕಪ್ಪು, ಅಕ್ಷರ ಮಾತ್ರ ಬಿಳಿ.

ಹೀಗೆ ಊರೂರು ಸುತ್ತಿ ಸೇರಿಸಿದ್ದೇ 'ಎಪಿಗ್ರಾಫಿಯಾ ಕರ್ನಾಟಿಕ'. 1886ರಿಂದ 1905ರವರೆಗೆ 12 ಸಂಪುಟ, ಸುಮಾರು 9,000 ಶಾಸನ. 1902ರಲ್ಲಿ ಬಂದ 5ನೇ ಸಂಪುಟ ನಮ್ಮ ಜಿಲ್ಲೆಯದು. ಹಾಸನ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣ, ಹೀಗೆ ತಾಲ್ಲೂಕಿಗೊಂದು ಪಟ್ಟಿ. ಯಾವ ಊರು, ಕಲ್ಲು ಎಲ್ಲಿ ನಿಂತಿದೆ ಅನ್ನೋದೂ ಅದರಲ್ಲಿದೆ.

ಹಾಗಾದ್ರೆ ಕೆಲಸ ಮುಗೀತಾ? ಇಲ್ಲ.

ಚನ್ನರಾಯಪಟ್ಟಣ ತಾಲ್ಲೂಕಿನ ಶ್ರವಣಬೆಳಗೊಳವನ್ನೇ ನೋಡಿ. 1889ರಲ್ಲಿ ರೈಸ್ ಪ್ರಕಟಿಸಿದ್ದು 144 ಶಾಸನ. 1923ರಲ್ಲಿ ಆರ್. ನರಸಿಂಹಾಚಾರ್ ಹೊರತಂದ ಪರಿಷ್ಕೃತ ಸಂಪುಟದಲ್ಲಿ 500. ಆಮೇಲಿನ ಪರಿಷ್ಕರಣೆಯಲ್ಲಿ 573. ಬೆಟ್ಟ ಅದೇ, ಊರೂ ಅದೇ. ಮತ್ತೆ ಹೋಗಿ ಹುಡುಕಿದ್ರು, ಅಷ್ಟೇ.

ಇನ್ನೂ ದೊಡ್ಡದು ಹಲ್ಮಿಡಿ. ನಮ್ಮ ಬೇಲೂರು ತಾಲ್ಲೂಕಿನದೇ ಊರು. ಕ್ರಿ.ಶ. 450ರ ಸುಮಾರಿನದು ಅಂತ ಪಾಠದಲ್ಲಿ ಓದ್ತೀವಲ್ಲ, ಆ 16 ಸಾಲಿನ ಶಾಸನ 1902ರ ಸಂಪುಟದಲ್ಲಿ ಇಲ್ಲ! 1936ರಲ್ಲಿ ಡಾ. ಎಂ. ಎಚ್. ಕೃಷ್ಣ ಅವರು ಪತ್ತೆ ಮಾಡೋವರೆಗೂ ಅದು ಊರಲ್ಲಿ ಬರೀ ಒಂದು ಕಲ್ಲು. ಅಷ್ಟರಲ್ಲಿ ಯಾರಾದ್ರೂ ಅದನ್ನ ಒಡೆದು ಗೋಡೆಗೆ ಹಾಕಿದ್ದಿದ್ರೆ? ನಾವು ಏನು ಕಳ್ಕೊಂಡ್ವಿ ಅನ್ನೋದೂ ನಮಗೆ ಗೊತ್ತಾಗ್ತಿರಲಿಲ್ಲ.

ಇವತ್ತೂ ರಸ್ತೆ ಅಗಲ ಮಾಡುವಾಗ, ಕೆರೆ ಏರಿ ರಿಪೇರಿಯಲ್ಲಿ, ಗುಡಿ ಜೀರ್ಣೋದ್ಧಾರದಲ್ಲಿ ಕಲ್ಲುಗಳು ಮಣ್ಣು ಸೇರ್ತಿವೆ. ಕೆಲವಕ್ಕೆ ಸುಣ್ಣ, ಕೆಲವಕ್ಕೆ ಆಯಿಲ್ ಪೇಂಟ್. ಬೆಂಗಳೂರಿನ ಮಿಥಿಕ್ ಸೊಸೈಟಿಯವರು ಶಾಸನಗಳನ್ನ 3ಡಿ ಸ್ಕ್ಯಾನ್ ಮಾಡಿ ಉಳಿಸ್ತಿದ್ದಾರೆ. ಆದ್ರೆ ಊರೊಳಗಿನ ಕಲ್ಲು ಮೊದಲು ಕಣ್ಣಿಗೆ ಬೀಳೋದು ಊರವರಿಗೇ.

ಹಬ್ಬಕ್ಕೆ ಊರಿಗೆ ಹೋದಾಗ ಇಷ್ಟು ಮಾಡಿ. ಬೆಳಗ್ಗೆ ಅಥವಾ ಸಂಜೆ, ಬಿಸಿಲು ಓರೆಯಾಗಿ ಬೀಳುವಾಗ ಫೋಟೊ ತೆಗೀರಿ, ಅಕ್ಷರ ಎದ್ದು ಕಾಣುತ್ತೆ. ಎದುರಿಂದ ಒಂದು, ಪಕ್ಕದಿಂದ ಒಂದು, ಸುತ್ತಲ ಜಾಗದ್ದೊಂದು. ಊರಿನ ಹೆಸರು, ದಿನಾಂಕ ಬರೆದಿಡಿ. ಕಲ್ಲನ್ನ ಕೆರೀಬೇಡಿ, ಸೀಮೆಸುಣ್ಣ ಹಚ್ಚಬೇಡಿ. ಅಜ್ಜ-ಅಜ್ಜಿ ಆ ಕಲ್ಲನ್ನ ಏನಂತ ಕರೀತಾರೆ ಅಂತಲೂ ಕೇಳಿ, ವಿಡಿಯೊ ಮಾಡ್ಕೊಳ್ಳಿ. ಆ ಮಾತು ಯಾವ ಸಂಪುಟದಲ್ಲೂ ಸಿಗಲ್ಲ.

ನಿಮ್ಮೂರಲ್ಲಿ ಅಂಥ ಕಲ್ಲು ಇದ್ಯಾ? ಊರಿನ ಹೆಸರು ಕಾಮೆಂಟ್ ಮಾಡಿ. 5ನೇ ಸಂಪುಟದಲ್ಲಿ ಇದ್ಯಾ ಅಂತ ಒಟ್ಟಿಗೇ ಹುಡುಕೋಣ.

#ಹಾಸನ #ಹೊಳೆನರಸೀಪುರ #ಅರಕಲಗೂಡು #ಚನ್ನರಾಯಪಟ್ಟಣ #ಶಾಸನ